ಇಪ್ಪತ್ತೇಳು ನಿಮಿಷಗಳ ಬಾಕಿ

ಈ ಸಲ ಮಳೆಗಾಲದ ಕಕ್ಕಡ, ಎಂದರೆ ಆಟಿ ತಿಂಗಳ ಹದಿನೆಂಟನೆಯ ದಿನ ಭಾನುವಾರವೇ ಬಂದದ್ದರಿಂದ, ಮದ್ದುಸೊಪ್ಪಿನ ಪಾಯಸ ಉಣ್ಣಲು ನಾವೆಲ್ಲ ಎಂದಿನಂತೆ ತೋಟದ ಮಾವನ ಮನೆಯ ಒಲೆಯ ಸುತ್ತ ಸೇರಿದ್ದೆವು. ಕರೆಂಟು ಹೋಗಿ ಎರಡು ದಿನವಾಗಿತ್ತು, ಮೊಬೈಲಿನ ನೆಟ್‌ವರ್ಕ್ ಅದಕ್ಕೂ ಮೊದಲೇ ಹೋಗಿತ್ತು. ಹೆಂಚಿನ ಮೇಲೆ ಬೀಳುವ ಮಳೆಯ ಸದ್ದಿನಲ್ಲಿ ಒಬ್ಬರಾಡಿದ ಮಾತು ಇನ್ನೊಬ್ಬರಿಗೆ ಅರ್ಧವೇ ಕೇಳುತ್ತಿತ್ತು. ಆದರೆ ಉಳಿದರ್ಧವನ್ನು ಊಹಿಸಿಕೊಂಡು ಉತ್ತರ ಕೊಡುವ ವಿದ್ಯೆ ಜೂನ್‌ನಿಂದ ಸೆಪ್ಟೆಂಬರ್‌ವರೆಗಿನ ಅಭ್ಯಾಸದಿಂದ ನಮಗೆಲ್ಲ ಕೈಗೂಡಿರುವುದರಿಂದ ಹರಟೆಗೇನೂ ಕುಂದು ಬಂದಿರಲಿಲ್ಲ. ಆರೂವರೆಗೆ ಬನ್ನಿ ಎಂದಿದ್ದ ಮಾವ, ನಾವು ಒಳಗೆ ಕಾಲಿಟ್ಟಾಗ ಗೋಡೆಯ ಹಳೆಯ ಕೀಲಿ ಗಡಿಯಾರ ಏಳು ಹೊಡೆದದ್ದನ್ನು ಬೆರಳು ಮಾಡಿ ತೋರಿಸಿ, ಕೊಡಗಿನಲ್ಲಿ ಕಾಲಪ್ರಜ್ಞೆ ಸತ್ತುಹೋಯಿತೆಂದು ಬಯ್ದರು. ಊರಿನ ಅಂಚೆ ಕಚೇರಿ ನೋಡಿಕೊಳ್ಳುವ ಅಂಚೆ ಅಕ್ಕ ಒಮ್ಮೆ ತಮ್ಮ ಕೈಗಡಿಯಾರವನ್ನು ನೋಡಿಕೊಂಡು, ಏನೋ ಹೇಳಹೊರಟು, ಪಾಯಸದ ಪರಿಮಳ ಬಂದದ್ದರಿಂದ ಸುಮ್ಮನಾದರು.

ಮಾವ ಎಂದರೆ ನನಗೊಬ್ಬನಿಗೇ ಮಾವನಲ್ಲ, ಊರಿಗೇ ಮಾವ. ಒಂದಷ್ಟು ರೊಬಸ್ಟಾ ಕಾಫಿ, ಅದರ ನೆರಳಿನ ಮರಗಳಿಗೆ ಹಬ್ಬಿದ ಕರಿಮೆಣಸು ಮತ್ತು ಲೋಕದ ಎಲ್ಲ ವಿಷಯಗಳ ಮೇಲೆ ಖಚಿತವಾದ ಅಭಿಪ್ರಾಯಗಳು ಅವರ ಆಸ್ತಿ. ಮೇಷ್ಟರು ಇಳಕಲ್ಲಿನ ನೇಕಾರರ ಮನೆಯಲ್ಲಿ ಹುಟ್ಟಿ, ಕನ್ನಡ ಪಂಡಿತರಾಗಿ ಇಲ್ಲಿಗೆ ವರ್ಗವಾಗಿ ಬಂದು, ಮಳೆ ನಿಂತ ಮೇಲೆ ಊರಿಗೆ ಹಿಂದಿರುಗುತ್ತೇನೆ ಎನ್ನುತ್ತಲೇ ಇಲ್ಲಿ ನಿವೃತ್ತರಾದವರು. ವಕೀಲರು ಮಡಿಕೇರಿಯಲ್ಲಿ ವಕೀಲಿ ಮಾಡುತ್ತಾರೆ. ನಾನು ಎರಡು ಕೋಣೆಯ ಹೋಂಸ್ಟೇ ನಡೆಸುತ್ತೇನೆ. ಇವರೆಲ್ಲರ ಮಾತನ್ನು ನಾನಿಲ್ಲಿ ಬರಹದ ಕನ್ನಡಕ್ಕೆ ತಿರುಗಿಸಿದ್ದೇನೆ. ವಕೀಲರದ್ದನ್ನು ತಿರುಗಿಸುವ ಅಗತ್ಯ ಬೀಳಲಿಲ್ಲ, ಅವರು ಉಪ್ಪು ಕೇಳುವಾಗಲೂ ಹಾಗೆಯೇ ಮಾತಾಡುತ್ತಾರೆ.

ವಿಷಯ ಎದ್ದದ್ದು ಅಂಚೆ ಅಕ್ಕನ ಮಗಳಿಂದ. ಒಂಬತ್ತನೆಯ ತರಗತಿಯ ಈ ಹುಡುಗಿ ಶಾಲೆಗೆಂದು ಒಂದು ಕಥೆ ಬರೆದಿದ್ದಳು. ಬ್ರಹ್ಮಗಿರಿಯ ಮಂಜಿನೊಳಗೆ ಒಂದು ಅಕಾಡೆಮಿ ಇದೆ. ಅಲ್ಲಿ ಆಯ್ದ ಮಕ್ಕಳಿಗೆ ಮಂತ್ರದಿಂದ ಕಾಲವನ್ನು ನೇಯುವುದನ್ನು ಕಲಿಸುತ್ತಾರೆ. ಅವರ ಕೈಯಲ್ಲಿ ಬೆಳ್ಳಿಯ ಲಾಳಿಗಳಿವೆ. ನಿನ್ನೆಯ ನೂಲು ನೀಲಿ, ಇಂದಿನದು ಹಸಿರು, ನಾಳೆಯದಕ್ಕೆ ಇನ್ನೂ ಬಣ್ಣ ಹಾಕಿಲ್ಲ. ಒಂದು ಎಳೆ ತಪ್ಪಿದ ವಿದ್ಯಾರ್ಥಿಯ ಆಯುಸ್ಸಿನಿಂದ ಒಂದು ಮಂಗಳವಾರ ಕಡಿತವಾಗುತ್ತದೆ. ಮಂಗಳವಾರವೇ ಏಕೆಂದು ಕೇಳಿದ್ದಕ್ಕೆ, ಆ ದಿನ ಎರಡು ಪೀರಿಯಡ್ ಗಣಿತವಿರುವುದಾಗಿ ಹೇಳಿದಳು. ಕಥೆಯ ಕೆಳಗೆ ಕೆಂಪು ಶಾಯಿಯಲ್ಲಿ, "ಸಮಯ ವ್ಯರ್ಥ. ಮುಕ್ತಾಯವಿಲ್ಲ. ಸೋಮವಾರ ಮತ್ತೆ ಬರೆದು ತರುವುದು" ಎಂದು ಷರಾ ಬಿದ್ದಿತ್ತು. ಕಾಲವನ್ನು ನೇಯುವ ಕಥೆಯೊಂದರ ಕೆಳಗೆ 'ಸಮಯ ವ್ಯರ್ಥ' ಎಂದು ಬರೆಯಬೇಕಾದರೆ ಒಂದೋ ಅಪಾರ ಹಾಸ್ಯಪ್ರಜ್ಞೆ ಇರಬೇಕು, ಇಲ್ಲವೇ ಅದು ಎಳ್ಳಷ್ಟೂ ಇರಬಾರದು ಎಂದು ವಕೀಲರು ಅಭಿಪ್ರಾಯಪಟ್ಟರು. ಮಳೆ ಹೀಗೆಯೇ ಸುರಿದರೆ ಸೋಮವಾರ ಶಾಲೆಗೆ ರಜೆ ಸಿಗಬಹುದೆಂಬುದು ಹುಡುಗಿಯ ಆಸೆಯಾಗಿತ್ತು. ಆದರೆ ಹಾಗೆ ಸಿಕ್ಕಿದ ರಜೆಯನ್ನು ಮುಂದೆ ಶನಿವಾರಗಳ ಮಧ್ಯಾಹ್ನ ಶಾಲೆ ನಡೆಸಿ ತುಂಬಿಸಿಕೊಳ್ಳುವುದರಿಂದ, ಕಾಲವನ್ನು ಕತ್ತರಿಸಿ ಬೇರೆಡೆಗೆ ಹೊಲಿಯುವ ಕೆಲಸ ಈ ಜಿಲ್ಲೆಯಲ್ಲಿ ಮಂತ್ರವಿಲ್ಲದೆಯೇ ಪ್ರತಿ ಮಳೆಗಾಲದಲ್ಲಿಯೂ ನಡೆಯುತ್ತಿದೆ ಎಂಬುದನ್ನು ನಾನು ಇಲ್ಲಿ ದಾಖಲಿಸಬೇಕು.

ಕಥೆಯ ಮೇಲೆ ಮೊದಲ ಆಕ್ಷೇಪಣೆ ಎತ್ತಿದವರು ಮೇಷ್ಟರು.

"ಮಗು, ಲಾಳಿ ಬೆಳ್ಳಿಯದಾಗಬಾರದು," ಎಂದು ಅವರು ಪಾಯಸದ ಬಟ್ಟಲನ್ನು ಕೆಳಗಿಟ್ಟರು. "ಇಡೀ ದಿನ ಈ ಕೈಯಿಂದ ಆ ಕೈಗೆ ಓಡಾಡಬೇಕಾದ ಲಾಳಿ ಹಗುರವಾದ ಮರದ್ದಾಗಿರಬೇಕು, ಅದರ ಹೊಟ್ಟೆಯೊಳಗಿನ ನೂಲು ಸುತ್ತಿದ ಕಂಡಿಕೆ ತಡೆಯಿಲ್ಲದೆ ಬಿಚ್ಚಿಕೊಳ್ಳಬೇಕು. ಇನ್ನೊಂದು ಮಾತು, ನಿನ್ನ ಕಥೆಯ ಮಕ್ಕಳು ಮಗ್ಗದ ಮುಂದೆ ಕುಳಿತ ಕೂಡಲೇ ನೇಯಲು ತೊಡಗುತ್ತಾರೆ. ಅದಕ್ಕಿಂತ ಮೊದಲು ನೂಲು ಸುತ್ತಬೇಕು, ಹಾಸು ಹೂಡಬೇಕು, ಗಂಜಿ ಹಚ್ಚಬೇಕು, ಒಂದೊಂದೇ ಎಳೆಯನ್ನು ಹಣಿಗೆಯ ಹಲ್ಲುಗಳ ನಡುವಿನಿಂದ ಪೋಣಿಸಬೇಕು. ನಮ್ಮ ಮನೆಯಲ್ಲಿ ನೇಯುತ್ತಿದ್ದವರು ಒಬ್ಬರು, ಅವರನ್ನು ನೇಯುವ ಹಂತಕ್ಕೆ ತಂದು ಕೂರಿಸಲು ದುಡಿಯುತ್ತಿದ್ದವರು ಮನೆ ಮಂದಿಯೆಲ್ಲ."

"ಅಂದರೆ ಅಕಾಡೆಮಿಯ ಮೊದಲ ವರ್ಷ ಬರೀ ಗಂಜಿ," ಎಂದರು ಮಾವ.

"ಬರೀ ಗಂಜಿ. ಅದೂ ಒಣಗಲು ಬಿಸಿಲು ಬೇಕು. ಮಗ್ಗವೆಂದರೆ ನಮ್ಮ ಕಡೆ ಕುಣಿಮಗ್ಗ. ನೆಲದಲ್ಲಿ ಕುಣಿ ತೋಡಿ, ಅದರೊಳಗೆ ಕಾಲು ಇಳಿಬಿಟ್ಟು ತುಳಿಯುವಂಥದ್ದು. ಬ್ರಹ್ಮಗಿರಿಯ ಮೇಲೆ ಅಂಥ ಕುಣಿ ತೋಡಿದರೆ ಆಟಿ ತಿಂಗಳಲ್ಲಿ ಅದು ಮಗ್ಗವಾಗಿರುವುದಿಲ್ಲ, ಬಾವಿಯಾಗಿರುತ್ತದೆ."

ಆದ್ದರಿಂದ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಅಕಾಡೆಮಿಗೆ ರಜೆ ಕೊಡತಕ್ಕದ್ದೆಂದು ಮೊದಲ ನಿರ್ಣಯವಾಯಿತು. ಆ ನಾಲ್ಕು ತಿಂಗಳು ಕೊಡಗಿನಲ್ಲಿ ಕಾಲ ಹೇಗಿದ್ದರೂ ನಿಂತಿರುವುದರಿಂದ ನೇಯುವ ಅಗತ್ಯವೂ ಬೀಳುವುದಿಲ್ಲ ಎಂದು ಮಾವ ಅನುಮೋದಿಸಿದರು. ನಿರ್ಣಯವನ್ನು ಬರೆದುಕೊಳ್ಳುವಂತೆ ವಕೀಲರು ಹುಡುಗಿಗೆ ಹೇಳಿದರು. ಅವಳು ತಾನು ಬರೆಯಬೇಕಾದ್ದು ಮುಕ್ತಾಯವೆಂದೂ ನಿಯಮಾವಳಿಯಲ್ಲವೆಂದೂ ನೆನಪಿಸಿದಳು; ಯಾರಿಗೂ ಕೇಳಿಸಲಿಲ್ಲ, ಮಳೆಯ ಸದ್ದು ಆಗ ಜೋರಾಗಿತ್ತು.

ಮೇಷ್ಟರ ಆಕ್ಷೇಪಣೆಗಳೆಲ್ಲ ಮಗ್ಗದ ಮೇಲಿದ್ದವೇ ಹೊರತು ಕಲ್ಪನೆಯ ಮೇಲಲ್ಲ. ಹುಡುಗಿ ಹೊಸದೇನನ್ನೂ ಹೇಳಿಲ್ಲ, ಹಳೆಯದನ್ನೇ ತಾನಾಗಿ ಕಂಡುಕೊಂಡಿದ್ದಾಳೆ, ಅದೇ ಹೆಚ್ಚಿನ ಮಾತು ಎಂದು ಅವರು ಮಹಾಭಾರತದ ಆದಿಪರ್ವಕ್ಕೆ ಇಳಿದರು. ಉತ್ತಂಕನೆಂಬ ಶಿಷ್ಯ ಗುರುಪತ್ನಿಗೆ ಕುಂಡಲಗಳನ್ನು ತಂದುಕೊಡಬೇಕಾಗಿತ್ತು; ನಾಲ್ಕನೆಯ ದಿನದ ವ್ರತಕ್ಕೆ ಅವು ಕೈಸೇರದಿದ್ದರೆ ಶಾಪ ಖಚಿತ. ದಾರಿಯಲ್ಲಿ ತಕ್ಷಕ ಕುಂಡಲಗಳನ್ನು ಕದ್ದು ನಾಗಲೋಕಕ್ಕಿಳಿದ. ಹಿಂಬಾಲಿಸಿ ಹೋದ ಉತ್ತಂಕನಿಗೆ ಅಲ್ಲಿ ಇಬ್ಬರು ಹೆಂಗಸರು ಮಗ್ಗದಲ್ಲಿ ಬಟ್ಟೆ ನೇಯುತ್ತಿರುವುದು ಕಾಣಿಸಿತು. ನೂಲು ಕಪ್ಪು ಮತ್ತು ಬಿಳಿ. ಪಕ್ಕದಲ್ಲಿ ಹನ್ನೆರಡು ಅರೆಗಳ ಚಕ್ರವೊಂದನ್ನು ಆರು ಹುಡುಗರು ತಿರುಗಿಸುತ್ತಿದ್ದರು. ಹೆಂಗಸರು ಧಾತಾ ಮತ್ತು ವಿಧಾತಾ, ನೂಲುಗಳು ಹಗಲು ಮತ್ತು ರಾತ್ರಿ, ಚಕ್ರ ಸಂವತ್ಸರ, ಹುಡುಗರು ಋತುಗಳು ಎಂದು ಗುರು ಆಮೇಲೆ ಅವನಿಗೆ ಬಿಡಿಸಿ ಹೇಳಿದ.

"ಋಗ್ವೇದದಲ್ಲಿಯೇ ರಾತ್ರಿ ಮತ್ತು ಉಷೆಯನ್ನು ನೇಯುವ ಹೆಂಗಸರಿಗೆ ಹೋಲಿಸಿದ್ದಾರೆ," ಎಂದು ಮೇಷ್ಟರು ಸೇರಿಸಿದರು. "ಆದರೆ ನನಗೆ ಯಾವಾಗಲೂ ನಗು ತರಿಸುವುದು ಉತ್ತಂಕನ ಅವಸ್ಥೆ. ಕಾಲ ತಯಾರಾಗುವ ಕಾರ್ಖಾನೆಯೊಳಗೇ ನಿಂತಿದ್ದಾನೆ, ಅವನ ಬಳಿ ಮಾತ್ರ ಸಮಯವಿಲ್ಲ. ಒಂದು ಮೊಳ ಹೆಚ್ಚು ನೇಯಿರಿ ತಾಯಿ ಎಂದು ಕೇಳಲೂ ಅವನಿಗೆ ಹೊಳೆಯಲಿಲ್ಲ. ಕೊನೆಗೆ ಕುದುರೆ ಹತ್ತಿ, ಗುರುಪತ್ನಿ ತಲೆ ಬಾಚಿಕೊಳ್ಳುತ್ತ ಶಾಪ ಕೊಡುವ ಯೋಚನೆಯಲ್ಲಿದ್ದಾಗ ಬಂದು ಮುಟ್ಟಿದ."

"ನೋಂದಣಿಯಾಗದ ಸಂಸ್ಥೆ," ಎಂದರು ವಕೀಲರು. "ನಾಗಲೋಕದ್ದು ಬೇರೆ ಅಧಿಕಾರ ವ್ಯಾಪ್ತಿ. ಅಲ್ಲಿ ಪ್ರವೇಶ ಕೇಳದಿದ್ದದ್ದೇ ಒಳ್ಳೆಯದಾಯಿತು."

ಪ್ರವೇಶದ ಮಾತು ಬಂದ ಮೇಲೆ ಬಂಡವಾಳದ ಮಾತೂ ಬಂತು. ಅಕಾಡೆಮಿಗೆ ನೇಯಲು ನೂಲು ಬೇಕು, ನೂಲೆಂದರೆ ಕಾಲ, ಅದನ್ನು ಎಲ್ಲಿಂದ ತರುವುದು? ಇಲ್ಲಿ ಮೇಷ್ಟರು ಮಾಡಿದ ಒಂದು ಲೆಕ್ಕದಿಂದ ಆ ಸಂಜೆಯ ಶಾಂತಿ ಕೆಟ್ಟಿತು. ಭಾರತದ ಗಡಿಯಾರವೆಲ್ಲ ನಡೆಯುವುದು ಉತ್ತರಪ್ರದೇಶದ ಮಿರ್ಜಾಪುರದ ಬಳಿ ಹಾಯುವ 82.5 ಡಿಗ್ರಿ ರೇಖಾಂಶದ ಪ್ರಕಾರ. ಮಡಿಕೇರಿ ಇರುವುದು ಸುಮಾರು 75.75ರಲ್ಲಿ. ಒಂದು ಡಿಗ್ರಿ ದಾಟಲು ಸೂರ್ಯನಿಗೆ 4 ನಿಮಿಷ ಬೇಕು. ಹುಡುಗಿ ಪುಸ್ತಕದ ಹಿಂಬದಿಯಲ್ಲಿ ಕಳೆದು, ಗುಣಿಸಿ, 27 ನಿಮಿಷ ಎಂದಳು. ಅಂದರೆ ನಮ್ಮ ಗಡಿಯಾರದಲ್ಲಿ ಹನ್ನೆರಡು ಹೊಡೆದಾಗ ಮಡಿಕೇರಿಯ ನೆತ್ತಿಯ ಮೇಲೆ ಸೂರ್ಯ ಇನ್ನೂ ಬಂದಿರುವುದಿಲ್ಲ. ಅವನಿಗೆ ಸರಾಸರಿ 27 ನಿಮಿಷ ಬಾಕಿ ಇರುತ್ತದೆ.

"ಬಾಕಿ ಎಂದರೇನು?" ಎಂದು ಮಾವ ಒಲೆಯ ಮುಂದಿನಿಂದ ಎದ್ದೇ ನಿಂತರು. "ಮಿರ್ಜಾಪುರದವರಿಗೆ ಬೆಳಗಾಯಿತೆಂದು ದಿನಾಲೂ ನನ್ನನ್ನು 27 ನಿಮಿಷ ಮೊದಲೇ ಎಬ್ಬಿಸುತ್ತಿದ್ದಾರೆಯೇ? ಇದು ಯಾವಾಗಿನಿಂದ?"

"1906ರ ಜನವರಿ 1ರಿಂದ," ಎಂದರು ಮೇಷ್ಟರು.

ಮಾವ ಸ್ವಲ್ಪ ಹೊತ್ತು ಮಾತಾಡಲಿಲ್ಲ. ದಿನಕ್ಕೆ 27 ನಿಮಿಷದಂತೆ, 1906ರಿಂದ, ಅಪ್ಪನ ಕಾಲದ್ದನ್ನೂ ಅಜ್ಜನ ಕಾಲದ್ದನ್ನೂ ಸೇರಿಸಿ, ಬಡ್ಡಿ ಹಾಕಿ ಲೆಕ್ಕ ಮಾಡುತ್ತಿದ್ದರೆಂದು ಅವರ ತುಟಿಗಳಿಂದ ತಿಳಿಯುತ್ತಿತ್ತು. ಅದು ದಿನದಿನವೂ ಆದ ನಷ್ಟವಲ್ಲ, ಮುಳ್ಳನ್ನು ಒಂದೇ ಸಲ ಮುಂದಕ್ಕೆ ತಳ್ಳಿದಾಗ ಆದ ಒಂದೇ ನಷ್ಟ, ಆಮೇಲೆ ದಿನಕ್ಕೆ ಇಪ್ಪತ್ತನಾಲ್ಕು ಗಂಟೆ ಸರಿಯಾಗಿಯೇ ಸಿಗುತ್ತಿದೆ ಎಂದು ಅಂಚೆ ಅಕ್ಕ ಬಿಡಿಸಿ ಹೇಳಿದ್ದನ್ನು ಅವರು ಒಪ್ಪಲಿಲ್ಲ. ತೋಟದ ಬೇಲಿಯನ್ನು ಪಕ್ಕದವನು ಒಂದೇ ಸಲ ಒಳಕ್ಕೆ ತಳ್ಳಿರಬಹುದು, ಆದರೆ ಆ ಜಾಗದ ಕಾಫಿಯನ್ನು ಅವನು ಪ್ರತಿವರ್ಷವೂ ಕೊಯ್ಯುತ್ತಾನಲ್ಲವೇ ಎಂಬುದು ಅವರ ವಾದ.

ವಕೀಲರು ದಾವೆಯ ಸಾಧ್ಯತೆಗಳನ್ನು ಪರಿಶೀಲಿಸಿದರು. 1963ರ ಕಾಲಮಿತಿ ಕಾಯ್ದೆಯ ಪ್ರಕಾರ ಸ್ಥಿರಾಸ್ತಿಯನ್ನು ಮರಳಿ ಪಡೆಯಲು ಹನ್ನೆರಡು ವರ್ಷ, ಚರಾಸ್ತಿಗೆ ಮೂರು ವರ್ಷ ಗಡುವು. ಹಾಗಾದರೆ ಕಾಲವು ಚರವೋ ಸ್ಥಿರವೋ? ಆಟಿಯಲ್ಲಿ ಸ್ಥಿರ, ಕಾಫಿ ಕೊಯ್ಲಿನಲ್ಲಿ ಚರ ಎಂದರು ಮಾವ. ಎರಡರಲ್ಲಿ ಯಾವುದಾದರೂ ಗಡುವು ಮೀರಿದೆ, ಕಾಲವನ್ನು ಮರಳಿ ಕೇಳುವ ದಾವೆ ಕಾಲಮಿತಿ ಮೀರಿದ ಕಾರಣಕ್ಕೇ ವಜಾ ಆಗುವುದು ನನ್ನ ವೃತ್ತಿಜೀವನದ ಅತ್ಯಂತ ಸುಂದರವಾದ ಸೋಲಾಗಬಹುದು, ಆದರೆ ಶುಲ್ಕವನ್ನು ಮುಂಗಡವಾಗಿಯೇ ಕೊಡಬೇಕು ಎಂದರು ವಕೀಲರು.

"ಅಷ್ಟಕ್ಕೂ ಇಡೀ ದೇಶಕ್ಕೆ ಒಂದೇ ಸಮಯ ಬೇಕಾದದ್ದು ಯಾರಿಗೆ?" ಎಂದು ಮಾವ ಬೇರೆ ದಾರಿ ಹಿಡಿದರು. ರೈಲಿಗೆ ಎಂದೆ ನಾನು. ಊರೂರಿಗೆ ಬೇರೆ ಸಮಯವಿದ್ದರೆ ರೈಲಿನ ವೇಳಾಪಟ್ಟಿ ನಡೆಯುವುದಿಲ್ಲ, ಹಿಂದೆ ಮದರಾಸಿನ ವೀಕ್ಷಣಾಲಯದ ಸಮಯವನ್ನೇ ದೇಶದ ರೈಲುಗಳು ಪಾಲಿಸುತ್ತಿದ್ದದ್ದೂ ಅದಕ್ಕಾಗಿಯೇ. ಮಾವನ ಮುಖ ಅರಳಿತು. ಕೊಡಗಿನಲ್ಲಿ ಇಂದಿಗೂ ಒಂದೂ ರೈಲು ನಿಲ್ದಾಣವಿಲ್ಲ. ರೈಲನ್ನು ಕೊಡದೆ ರೈಲಿನ ಸಮಯವನ್ನು ಮಾತ್ರ ಕೊಡುವುದು ಯಾವ ನ್ಯಾಯ? ಹಾಗೆ ನೋಡಿದರೆ ಅಸ್ಸಾಮಿನ ಚಹಾ ತೋಟಗಳಲ್ಲಿ ಇಂದಿಗೂ ದೇಶದ ಗಡಿಯಾರಕ್ಕಿಂತ ಒಂದು ಗಂಟೆ ಮುಂದಿರುವ ತೋಟದ ಸಮಯ ರೂಢಿಯಲ್ಲಿದೆ, ಅಲ್ಲಿ ಸೂರ್ಯ ಬೇಗ ಹುಟ್ಟುವುದರಿಂದ. ಕಲ್ಕತ್ತೆ, ಮುಂಬಯಿಗಳೂ 1906ರ ನಂತರ ದಶಕಗಳ ಕಾಲ ತಮ್ಮ ಹಳೆಯ ಗಡಿಯಾರವನ್ನು ಬಿಟ್ಟುಕೊಟ್ಟಿರಲಿಲ್ಲ. ಚಹಾಕ್ಕೆ ಒಂದು ಗಂಟೆ ಕೊಟ್ಟ ದೇಶ ಕಾಫಿಗೆ 27 ನಿಮಿಷ ಕೊಡಲಾರದೇ ಎಂದು ಮಾವ ಕೇಳಿದಾಗ, ನನಗೂ ಒಂದು ಕ್ಷಣ ಅದು ನ್ಯಾಯವೆಂದೇ ಅನ್ನಿಸಿತು.

ಇಳಕಲ್ಲು ಮಡಿಕೇರಿಗಿಂತ ಸ್ವಲ್ಪ ಪೂರ್ವಕ್ಕಿರುವುದರಿಂದ ತನ್ನ ಬಾಕಿ ಒಂದೂವರೆ ನಿಮಿಷದಷ್ಟು ಕಡಿಮೆ ಎಂದು ಮೇಷ್ಟರು ಪ್ರಾಮಾಣಿಕವಾಗಿ ಘೋಷಿಸಿದರು. ಸೂರ್ಯನೇನೂ ಗಡಿಯಾರದಂತೆ ನಡೆಯುವವನಲ್ಲ, ಫೆಬ್ರವರಿ ನಡುವಿನಲ್ಲಿ ಸುಮಾರು ಕಾಲು ಗಂಟೆ ತಡವಾಗಿಯೂ ನವೆಂಬರ್ ಮೊದಲಲ್ಲಿ ಕಾಲು ಗಂಟೆ ಬೇಗನೆಯೂ ನೆತ್ತಿಗೆ ಬರುತ್ತಾನೆ ಎಂದೂ ಹೇಳಿದರು. "ನಮ್ಮ ತೋಟದ ಲೆಕ್ಕ ಬರೆಯುವ ರೈಟರ್ ಕೂಡ ಹಾಗೆಯೇ," ಎಂದರು ಮಾವ. "ಕೊಯ್ಲು ಶುರುವಾಗುವಾಗ ಬೇಗ, ಮುಗಿಯುವಾಗ ತಡ."

27 ಎಂಬ ಅಂಕೆ ಮೇಷ್ಟರ ತಲೆಗೆ ಹತ್ತಿಬಿಟ್ಟಿತು. ನಕ್ಷತ್ರಗಳು 27. ಭೂಮಿ ತಿರುಗುವ ವೇಗ ಪರಮಾಣು ಗಡಿಯಾರಕ್ಕೆ ಸರಿಹೊಂದದೆ, 1972ರಿಂದ ಈಚೆಗೆ ಜಗತ್ತಿನ ಗಡಿಯಾರಗಳಿಗೆ ಸೇರಿಸಿದ ಹೆಚ್ಚುವರಿ ಸೆಕೆಂಡುಗಳೂ 27. ಕೊನೆಯದು 2016ರ ಡಿಸೆಂಬರ್ 31ರ ಲೆಕ್ಕದ್ದು. ನಮಗೆ ಅದು 2017ರ ಜನವರಿ 1ರ ಬೆಳಿಗ್ಗೆ 5 ಗಂಟೆ 29 ನಿಮಿಷ 60ನೆಯ ಸೆಕೆಂಡಾಗಿ ಬಂತು. 2035ರೊಳಗೆ ಈ ಪದ್ಧತಿಯನ್ನೇ ನಿಲ್ಲಿಸುವುದೆಂದು ತೀರ್ಮಾನವೂ ಆಗಿದೆ.

"ಆ ಹೊತ್ತಿಗೆ ನಾನು ಮಲಗಿದ್ದೆ. ನನ್ನ ಪಾಲಿನ ಆ ಸೆಕೆಂಡನ್ನು ಯಾರು ಉಪಯೋಗಿಸಿದರು?" ಎಂದರು ಮಾವ. ಆ ಸಂಜೆ ಅವರಿಗೆ ಎಲ್ಲೆಲ್ಲಿಯೂ ಕಳ್ಳರೇ ಕಾಣುತ್ತಿದ್ದರು.

ಮೇಷ್ಟರ ಪ್ರಕಾರ ಇದೆಲ್ಲ ತೇಪೆಯ ಕೆಲಸ. ಚಾಂದ್ರಮಾನದ ವರ್ಷಕ್ಕೆ 354 ದಿನ, ಸೌರಮಾನಕ್ಕೆ 365. ವರ್ಷಕ್ಕೆ ಹನ್ನೊಂದು ದಿನದ ಹರಕು ಬೀಳುತ್ತದೆ, ಅದು ಮೂವತ್ತೆರಡು ಮೂವತ್ತಮೂರು ತಿಂಗಳಲ್ಲಿ ಒಂದು ತಿಂಗಳಷ್ಟು ದೊಡ್ಡದಾದಾಗ ಅಧಿಕಮಾಸವೆಂಬ ತೇಪೆ ಹಾಕುತ್ತಾರೆ. ಕೊಡಗಿನ ತಿಂಗಳುಗಳು ಸೌರಮಾನದವು, ವರ್ಷದ ಮೊದಲ ತಿಂಗಳಾದ ಎಡಮ್ಯಾರ್‌ನಿಂದ ಎಣಿಸಿಕೊಂಡು ಬಂದರೆ ಎಲ್ಲಿಯೂ ತೇಪೆಯಿಲ್ಲ ಎಂದು ಮಾವ ಹೆಮ್ಮೆಪಟ್ಟರು. ಹಾಗಿದ್ದರೆ ಸುಗ್ಗಿಯ ಹಬ್ಬವಾದ ಪುತ್ತರಿಗೆ ಹುಣ್ಣಿಮೆಯನ್ನೂ ರೋಹಿಣಿಯನ್ನೂ ನೋಡುವುದೇಕೆ ಎಂದು ಮೇಷ್ಟರು ತಿರುಗಿ ಕೇಳಿದರು. ಮಾವ ಒಲೆಗೆ ಸೌದೆ ತಳ್ಳಿದರು.

ಪುತ್ತರಿಯ ಮಾತಿನಲ್ಲಿ ನಾನು ಸ್ವಲ್ಪ ನಿಲ್ಲಬೇಕು. ನಮ್ಮ ಊರಿನ ಮನುಷ್ಯ ಮದುವೆಗೆ ಎರಡು ಗಂಟೆ ತಡವಾಗಿ ಹೋಗಿ, ಇಷ್ಟು ಬೇಗ ಬಂದೆನೇ ಎಂದು ಸಂಕೋಚಪಡುವಂಥವನು. ಆದರೆ ಪಾಡಿ ಇಗ್ಗುತ್ತಪ್ಪನ ಸನ್ನಿಧಿಯಲ್ಲಿ ಪುತ್ತರಿಯ ಮುಹೂರ್ತ ನಿಗದಿಯಾಗಿ, ಎಲೆಗಳ ನೆರೆ ಕಟ್ಟಲು ಇಷ್ಟು ಗಂಟೆ ಇಷ್ಟು ನಿಮಿಷ, ಕದಿರು ತೆಗೆಯಲು ಇಷ್ಟು ಗಂಟೆ ಇಷ್ಟು ನಿಮಿಷ ಎಂದು ಪ್ರಕಟವಾಯಿತೆಂದರೆ, ಅದೇ ಮನುಷ್ಯ ಬೆಳದಿಂಗಳಲ್ಲಿ, ಕೊರೆಯುವ ಚಳಿಯಲ್ಲಿ, ಗದ್ದೆಯ ಬದುವಿನ ಮೇಲೆ ಕುಡುಗೋಲು ಹಿಡಿದು ಗಡಿಯಾರ ನೋಡುತ್ತ ನಿಲ್ಲುತ್ತಾನೆ. ಒಂದು ನಿಮಿಷ ಮೊದಲು ಒಂದು ತೆನೆಯನ್ನೂ ಮುಟ್ಟುವುದಿಲ್ಲ. ಮೊದಲು ದೇವಸ್ಥಾನದ ಗದ್ದೆ, ಆಮೇಲೆ ಊರಿನವರದು. ಹೊತ್ತು ಕೂಡಿಬಂದ ಕ್ಷಣ ಕೋವಿ ಸಿಡಿಯುತ್ತದೆ, "ಪೊಲಿ ಪೊಲಿ ದೇವಾ" ಎಂಬ ಕೂಗು ಗುಡ್ಡದಿಂದ ಗುಡ್ಡಕ್ಕೆ ದಾಟುತ್ತದೆ. ತುಲಾ ಸಂಕ್ರಮಣದಂದು ತಲಕಾವೇರಿಯ ಕುಂಡಿಕೆಯ ಮುಂದೆಯೂ ಇದೇ ಕಥೆ. ತೀರ್ಥೋದ್ಭವದ ನಿಮಿಷ ಒಂದು ವರ್ಷ ನಡುಹಗಲಿಗೆ ಬೀಳಬಹುದು, ಇನ್ನೊಂದು ವರ್ಷ ನಡುರಾತ್ರಿಗೆ, ಜನ ಮಾತ್ರ ತಪ್ಪಿಸಿಕೊಳ್ಳುವುದಿಲ್ಲ.

"ಹಾಸು ಎಂದರೆ ಅದೇ," ಎಂದರು ಮೇಷ್ಟರು. "ಉದ್ದಕ್ಕೆ ಬಿಗಿದಿಟ್ಟ ಎಳೆ. ಅದು ಸಡಿಲವಾದರೆ ಬಟ್ಟೆಯೇ ಇಲ್ಲ. ಹೊಕ್ಕು ಅಡ್ಡಕ್ಕೆ ಬರುವ ಎಳೆ. ಅದನ್ನು ನೀವು ಮದುವೆಮನೆಯಲ್ಲಿ ನಿಮ್ಮ ಇಷ್ಟದಂತೆ ಎಳೆದುಕೊಳ್ಳುತ್ತೀರಿ."

ಮದ್ದುಸೊಪ್ಪಿನ ಗಿಡ ಇವರೆಲ್ಲರಿಗಿಂತ ನಿಷ್ಠಾವಂತ ಎಂದು ಅಂಚೆ ಅಕ್ಕ ಹೇಳಿದರು. ಕಕ್ಕಡದಲ್ಲಿ ದಿನಕ್ಕೊಂದರಂತೆ ಮದ್ದಿನ ಗುಣಗಳನ್ನು ಸೇರಿಸಿಕೊಳ್ಳುತ್ತ ಹದಿನೆಂಟನೆಯ ದಿನಕ್ಕೆ ಅದು ಪೂರ್ಣವಾಗುತ್ತದೆ ಎಂಬುದು ಇಲ್ಲಿನ ನಂಬಿಕೆ, ಪರಿಮಳವೂ ಆ ದಿನಕ್ಕೇ ಏರುತ್ತದೆ. ಬೇಲಿಯ ಬದಿಯ ಗಿಡಕ್ಕೆ ಕ್ಯಾಲೆಂಡರ್ ಹಂಚಿದವರಾರು? ಮೇಷ್ಟರು ಮಾತ್ರ ಈ ಗಿಡದ ವಿಷಯ ಬಂದಾಗ ಬಟ್ಟಲನ್ನೇ ನೋಡುತ್ತಾರೆ. ಕೊಡಗಿಗೆ ಬಂದ ಮೊದಲ ವರ್ಷ ಆ ನೇರಳೆ ಪಾಯಸವನ್ನು ಮೂರು ಸಲ ಬಡಿಸಿಕೊಂಡು ಉಂಡು, ಮರುದಿನ ಬೆಳಿಗ್ಗೆ ಬಚ್ಚಲಿನಲ್ಲಿ ಮೂತ್ರದ ಬಣ್ಣ ನೋಡಿ, ಊರಿಗೆ ಕೊನೆಯ ಕಾಗದ ಬರೆಯಲು ಅಂಚೆ ಕಚೇರಿಗೆ ಬಂದವರು ಅವರು. ಅಕ್ಕನೇ ಆಗ ವಿಷಯ ತಿಳಿಸಿ, ಇನ್‌ಲ್ಯಾಂಡ್ ಲೆಟರಿನ ಹಣ ಮಾತ್ರ ತೆಗೆದುಕೊಂಡು ಕಳುಹಿಸಿದ್ದರು.

ನಿಜ ಹೇಳಬೇಕೆಂದರೆ, ನಮ್ಮೆಲ್ಲರ ನಡುವೆ ಕಾಲವನ್ನು ಕೈಯಿಂದ ಮುಟ್ಟುವವರು ಅಂಚೆ ಅಕ್ಕ ಒಬ್ಬರೇ. ದಿನಾಲೂ ಬೆಳಿಗ್ಗೆ ಬಾಗಿಲು ತೆರೆದು ಅವರು ಮಾಡುವ ಮೊದಲ ಕೆಲಸ ಮೊಹರಿನ ದಿನಾಂಕ ಬದಲಿಸುವುದು. ಹಿಡಿಕೆಯ ತಿರುಪು ಸಡಿಲಿಸಿ, ನಿನ್ನೆಯ ಪುಟ್ಟ ಉಕ್ಕಿನ ಅಂಕೆಯನ್ನು ಚಿಮಟಿಗೆಯಿಂದ ಹೊರತೆಗೆದು, ಇಂದಿನದನ್ನು ಕನ್ನಡಿಯೊಳಗಿನ ಅಕ್ಷರದಂತೆ ತಲೆಕೆಳಗಾಗಿ ಕೂರಿಸಿ, ಮೊದಲ ಅಚ್ಚನ್ನು ಅದಕ್ಕೆಂದೇ ಇರುವ ಪುಸ್ತಕದಲ್ಲಿ ಒತ್ತಿ ನೋಡುತ್ತಾರೆ. ಅವರು ಒತ್ತಿದ ಮೇಲೆಯೇ ಊರಿಗೆ ಅಧಿಕೃತವಾಗಿ ಬೆಳಗಾಗುವುದು. ಒಮ್ಮೆ ಮಾತ್ರ, ಮಗಳಿಗೆ ಜ್ವರವಿದ್ದ ದಿನ, ಅಂಕೆ ಬದಲಿಸುವುದು ಮರೆತುಹೋಗಿ, ಬುಧವಾರ ಹನ್ನೊಂದು ಗಂಟೆಯವರೆಗೂ ಊರು ಮಂಗಳವಾರದಲ್ಲಿಯೇ ಇತ್ತು. "ಆ ಹೊತ್ತಿನಲ್ಲಿ ಆರ್‌ಡಿ ಉಳಿತಾಯದ ಕಂತು ಕಟ್ಟಿದ ಒಬ್ಬರಿಗೆ ದಂಡ ಉಳಿಯಿತು," ಎಂದರು ಅಕ್ಕ, ತಗ್ಗಿದ ದನಿಯಲ್ಲಿ. ತಪ್ಪಿದ ಎಳೆಗೆ ಮಂಗಳವಾರವನ್ನೇ ಕಡಿತ ಮಾಡುವ ನಿಯಮ ಗಣಿತದ ಪೀರಿಯಡ್ಡಿನಿಂದಲೇ ಬಂತೋ ಇಲ್ಲವೇ ಈ ಮಂಗಳವಾರದಿಂದ ಬಂತೋ ಎಂದು ವಕೀಲರು ಹುಡುಗಿಯನ್ನು ಪಾಟೀಸವಾಲು ಮಾಡಿದರು. ಅವಳು ಉತ್ತರಿಸಲಿಲ್ಲ.

ಅಕಾಡೆಮಿಯಿಂದ ಯಾರಿಗೆ ಏನು ಬೇಕೆಂಬುದರ ಮೇಲೆ ಚರ್ಚೆಯೇ ಬೇಕಾಗಲಿಲ್ಲ. ಮಾವನಿಗೆ 2024ರ ಒಂದು ದಿನವನ್ನು ಬಿಚ್ಚಿ ಕೊಟ್ಟರೆ ಸಾಕು. ರೊಬಸ್ಟಾ ಬೆಲೆ ಹಿಂದೆಂದೂ ಕಾಣದಷ್ಟು ಏರಿದ ಆ ವರ್ಷ, ಏರುವುದಕ್ಕೆ ಸರಿಯಾಗಿ ಮೊದಲು, ಗೋದಾಮಿನಲ್ಲಿ ಜಾಗವಿಲ್ಲವೆಂದು ಕಾಫಿ ಚೆರ್ರಿಯನ್ನೆಲ್ಲ ಮಾರಿದವರು ಅವರು. ನನಗೆ ಬೇಕಾದದ್ದು ಬೆಳಗಿನ ಹನ್ನೊಂದು ಗಂಟೆಗೆ ಒಂದು ಗಟ್ಟಿಯಾದ ಅಂಚು. ಕಾಲವನ್ನು ಮರೆಯಲೆಂದೇ ಕೊಡಗಿಗೆ ಬರುವ ಅತಿಥಿಗಳು ಕೋಣೆ ತೆರವು ಮಾಡುವ ಹೊತ್ತನ್ನೇ ಮೊದಲು ಮರೆಯುತ್ತಾರೆ. ವಕೀಲರು ಗ್ರೀಸಿನ ಪೆನೆಲೋಪಿಯನ್ನು ಗೌರವ ಪ್ರಾಧ್ಯಾಪಕಿಯಾಗಿ ನೇಮಿಸಬೇಕೆಂದರು. ಗಂಡ ಯುದ್ಧದಿಂದ ಮರಳದಿದ್ದಾಗ, ಮದುವೆಯಾಗೆಂದು ಮನೆಯಲ್ಲಿ ಬಂದು ಕೂತವರಿಗೆ, ಈ ಬಟ್ಟೆ ನೇಯ್ದು ಮುಗಿಯಲಿ ಎಂದು ಹೇಳಿ, ಹಗಲು ನೇಯ್ದದ್ದನ್ನು ರಾತ್ರಿ ಬಿಚ್ಚುತ್ತ ಮೂರು ವರ್ಷ ಕಳೆದವಳು ಅವಳು. ಮಗ್ಗವೊಂದರಿಂದ ಮೂರು ವರ್ಷದ ತಡೆಯಾಜ್ಞೆ! "ನಾವು ವಾಯಿದೆ ಕೇಳಲು ಕರಿ ಕೋಟು ಹಾಕಬೇಕು, ಅರ್ಜಿ ಬರೆಯಬೇಕು, ಜ್ವರ ಬರಿಸಿಕೊಳ್ಳಬೇಕು," ಎಂದು ವಕೀಲರು ನಿಜವಾದ ಅಸೂಯೆಯಿಂದ ಹೇಳಿದರು.

ಮೇಷ್ಟರು ಏನನ್ನೂ ಕೇಳಲಿಲ್ಲ. ಕಾಫಿ ಮೂಟೆ ಹೊಲಿಯುವ ಗೋಣಿಹುರಿಯ ಎರಡು ತುಂಡು ತೆಗೆದುಕೊಂಡು ಹುಡುಗಿಯ ಪಕ್ಕದಲ್ಲಿ ಕುಳಿತರು. ಇಳಕಲ್ ಸೀರೆಯ ಮೈಯ ಹಾಸು ಬೇರೆ, ಸೆರಗಿನ ಹಾಸು ಬೇರೆ. ಎರಡನ್ನೂ ಮಗ್ಗದ ಮೇಲೆಯೇ ಕೊಂಡಿ ಹಾಕಿ ಜೋಡಿಸುತ್ತಾರೆ, ಅದಕ್ಕಾಗಿಯೇ ಒಂದೊಂದು ಸೀರೆಗೂ ಹೊಸದಾಗಿ ಹಾಸು ಹೂಡಬೇಕಾಗುತ್ತದೆ. ಅವರು ಒಂದು ಹುರಿಯನ್ನು ಮಡಿಸಿ ಕುಣಿಕೆ ಮಾಡಿದರು, ಇನ್ನೊಂದರ ಕುಣಿಕೆಯನ್ನು ಅದರೊಳಗೆ ತೂರಿಸಿದರು, ಎರಡೂ ಕೈಯಿಂದ ಎಳೆದರು. ಗಂಟಿಲ್ಲದೆ ಎರಡೂ ಒಂದನ್ನೊಂದು ಕಚ್ಚಿಕೊಂಡವು. "ಇದು ನಿನ್ನೆ, ಇದು ಇಂದು. ಗಂಟು ಹಾಕಿದರೆ ಸೀರೆಯಲ್ಲಿ ಉಬ್ಬು ಕಾಣುತ್ತದೆ, ಉಟ್ಟವರಿಗೆ ಚುಚ್ಚುತ್ತದೆ. ನಿನ್ನ ಅಕಾಡೆಮಿಯಲ್ಲಿ ಮಂತ್ರ ಬೇಕೇ ಬೇಕು ಎಂದಾದರೆ ಅದನ್ನು ಇಲ್ಲಿ ಇಡು, ಲಾಳಿಯಲ್ಲಿ ಬೇಡ." ಹುಡುಗಿ ಹುರಿಯನ್ನು ತೆಗೆದುಕೊಂಡು ಎಳೆದು ಎಳೆದು ನೋಡಿದಳು, ಸಡಿಲ ಬಿಟ್ಟಾಗ ಅದು ಸಲೀಸಾಗಿ ಬೇರೆಯಾಯಿತು.

ಗೋಡೆಯ ಗಡಿಯಾರ ಒಂಬತ್ತೂವರೆಗೆ ಒಂದು ಹೊಡೆಯಿತು. ಹುಡುಗಿ ಪುಸ್ತಕ ಎತ್ತಿ ತೋರಿಸಿದಳು. ಅದರಲ್ಲಿ ಅಕಾಡೆಮಿಯ ನಿಯಮಾವಳಿ ಎರಡು ಪುಟ, ರೇಖಾಂಶದ ಲೆಕ್ಕ ಒಂದು ಪುಟ ಇತ್ತು, ಮುಕ್ತಾಯ ಇರಲಿಲ್ಲ. ದೊಡ್ಡವರೆಲ್ಲ ಸೇರಿ ತನ್ನ ಸಂಜೆಯನ್ನು ಖರ್ಚು ಮಾಡಿದ್ದಾರೆ, ಅದನ್ನು ಹಿಂದಕ್ಕೆ ಕೊಡಬೇಕು ಎಂದಳು.

ಮಾವ ಎದ್ದರು. "ದೇಶ ಕೊಡದಿದ್ದರೆ ಬೇಡ, ನನ್ನ ಮನೆಯಲ್ಲಿ ನಾನು ಕೊಡುತ್ತೇನೆ," ಎಂದು ಸ್ಟೂಲು ಎಳೆದು, ಗಡಿಯಾರದ ಗಾಜು ತೆರೆದು, ಮುಳ್ಳನ್ನು 27 ನಿಮಿಷ ಹಿಂದಕ್ಕೆ ತಿರುಗಿಸಲು ಕೈಹಾಕಿದರು. ಗಂಟೆ ಹೊಡೆಯುವ ಹಳೆಯ ಗಡಿಯಾರದ ಮುಳ್ಳನ್ನು ಹಿಂದಕ್ಕೆ ತಿರುಗಿಸಿದರೆ ಹೊಡೆತದ ಲೆಕ್ಕ ಕೆಡುತ್ತದೆ ಎಂದು ಮೇಷ್ಟರು ಕೂಗಿ ತಡೆದರು. ಹಾಗಾದರೆ ಉಳಿದ ದಾರಿ ಒಂದೇ: ಹನ್ನೊಂದು ಗಂಟೆ ಮೂವತ್ತಮೂರು ನಿಮಿಷ ಮುಂದಕ್ಕೆ ಹೋಗುವುದು, ಪ್ರತಿ ಗಂಟೆಗೂ ಅರ್ಧ ಗಂಟೆಗೂ ನಿಂತು ಅದು ಹೊಡೆದು ಮುಗಿಸುವವರೆಗೆ ಕಾಯುವುದು. ಮಾವ ಹಿಂಜರಿಯಲಿಲ್ಲ. ಹತ್ತು ಹೊಡೆಯಿತು, ಹನ್ನೊಂದು ಹೊಡೆಯಿತು, ಹನ್ನೆರಡು ಹೊಡೆಯಿತು. ನಾವು ನಾಲ್ಕು ಜನ ಒಲೆಯ ಬೆಳಕಿನಲ್ಲಿ ಕತ್ತೆತ್ತಿ ಕುಳಿತು, ಒಂದರಿಂದ ಒಂಬತ್ತರವರೆಗೆ ಮತ್ತೆ ಎಣಿಸಿದೆವು. ನಡುನಡುವಿನ ಅರ್ಧ ಗಂಟೆಯ ಹೊಡೆತಗಳೂ ಸೇರಿ ಒಟ್ಟು 89 ಹೊಡೆತ. ಹುಡುಗಿ ತಲೆ ತಗ್ಗಿಸಿ ಬರೆಯುತ್ತಿದ್ದಳು. ನಡುವೆ ಯಾರೂ ಮಾತಾಡದಿದ್ದದ್ದು ಆ ಸಂಜೆ ಅದೇ ಮೊದಲು. ಮುಳ್ಳು ಒಂಬತ್ತು ಗಂಟೆ ಮೂರು ನಿಮಿಷಕ್ಕೆ ಬಂದು ನಿಂತಾಗ ಮಾವ ಬೆವರಿದ್ದರು.

"ತೆಗೆದುಕೋ. 27 ನಿಮಿಷ. ಮಡಿಕೇರಿಯ ಶುದ್ಧ ಸಮಯ."

ಹುಡುಗಿ ಅಮ್ಮನ ಮಣಿಕಟ್ಟನ್ನು ಹಿಡಿದು ಬೆಳಕಿಗೆ ತಿರುಗಿಸಿದಳು. "ಅಜ್ಜ, ಅಮ್ಮನ ಗಡಿಯಾರದಲ್ಲಿ ಈಗ ಒಂಬತ್ತು ಗಂಟೆ ಎಂಟು ನಿಮಿಷ. ಇದು ಮಿರ್ಜಾಪುರದ ಸಮಯ. ನಿಮ್ಮ ಗಡಿಯಾರ ಇಷ್ಟು ದಿನ ಅದಕ್ಕಿಂತಲೂ ಅರ್ಧ ಗಂಟೆ ಮುಂದಿತ್ತು."

"ಅಂದರೆ ಸೂರ್ಯನಿಗಿಂತ 57 ನಿಮಿಷ," ಎಂದರು ವಕೀಲರು, ಲೆಕ್ಕ ಅಷ್ಟು ಬೇಗ ಬಂದದ್ದಕ್ಕೆ ತಾವೇ ಸಂತೋಷಪಟ್ಟು. "ಕಕ್ಷಿದಾರರ ಸ್ವಂತ ಒತ್ತುವರಿ 30 ನಿಮಿಷ. ಇದನ್ನು ಮೊದಲೇ ತಿಳಿಸಬೇಕಾಗಿತ್ತು."

ಮಾವ ಸ್ಟೂಲಿನ ಮೇಲಿನಿಂದ ಇಳಿಯಲಿಲ್ಲ. ಅದು ಬಸ್ಸಿಗಾಗಿ ಇಟ್ಟ ಅರ್ಧ ಗಂಟೆ, ಅವರ ತಂದೆಯ ಕಾಲದಿಂದಲೂ ಅಷ್ಟೇ ಮುಂದಿದೆ, ಅದು ಕಾಲದ ಲೆಕ್ಕಕ್ಕೆ ಸೇರುವುದಿಲ್ಲ ಎಂದು ನಮಗೆಲ್ಲ ವಿವರಿಸಿದರು. ಬೆಳಿಗ್ಗೆ ಬೇರೆ ಕುಶಾಲನಗರದ ಬಸ್ಸು ಹಿಡಿಯಬೇಕಾಗಿದೆ ಎಂದು ಮುಳ್ಳನ್ನು ಮತ್ತೆ ಅರ್ಧ ಗಂಟೆ ಮುಂದಕ್ಕೆ ತಳ್ಳಿ, ಗಡಿಯಾರ ಒಂದು ಹೊಡೆಯುವವರೆಗೆ ಕಾದು, ಗಾಜು ಮುಚ್ಚಿದರು.